ಸವರಿಮುತ್ತುವಿನ ಮಗಳು ಕಟ್ಟಿದ ಬ್ಯಾಂಡು

ಹೆಲನಳನ್ನು ನಾನು ಮೊದಲು ಕಂಡದ್ದು ಜಗಳವಾಡಲೆಂದು ಹೊರಟಿದ್ದ ಒಂದು ಮಧ್ಯಾಹ್ನ. ಜಗಳವೆಂದರೆ ದೊಡ್ಡ ಮಾತಾದೀತು. ನಿವೃತ್ತ ಕನ್ನಡ ಮೇಷ್ಟರೊಬ್ಬರು ಓಣಿಯಲ್ಲಿ ನಿಂತು ಎಷ್ಟು ಜಗಳವಾಡಬಹುದೋ ಅಷ್ಟು.

ವಿದ್ಯಾರಣ್ಯಪುರದಲ್ಲಿ ನಮ್ಮ ಮನೆಯ ಹಿಂದಿನ ಓಣಿಗೆ ಆಗತಾನೆ ಹೊಸಬರು ಬಾಡಿಗೆಗೆ ಬಂದಿದ್ದರು. ನನ್ನ ಪತ್ನಿ ಗಿರಿಜಾಂಬಾ ಅರೆತಲೆನೋವು ಬಂದು, ಕಿಟಕಿಗಳನ್ನೆಲ್ಲ ಮುಚ್ಚಿಕೊಂಡು ಮಲಗಿದ್ದಳು. ಊಟ ಮುಗಿದು ಓಣಿಯೇ ತೂಕಡಿಸುವ ಹೊತ್ತು. ಇದ್ದಕ್ಕಿದ್ದಂತೆ ಆ ಮನೆಯಿಂದ ಬ್ಯಾಂಡು ಮೊಳಗಿತು. ಡ್ರಮ್ಮು, ಕಂಚಿನ ತಾಳ, ದಪ್ಪ ಕಂಠದ ಕಹಳೆ, ಸಣ್ಣ ಕಂಠದ ಕಹಳೆ, ಎಲ್ಲವೂ ಸೇರಿ ಒಂದು ಸಾಲು ನುಡಿಸುವುದು, ಥಟ್ಟನೆ ನಿಲ್ಲುವುದು, ಮತ್ತೆ ಮೊದಲಿನಿಂದ ಅದೇ ಸಾಲು.

"ಆ ಬ್ಯಾಂಡಿನವರಿಗೆ ಸ್ವಲ್ಪ ಹೇಳಿಬನ್ನಿ. ಮದುವೆ ಎಲ್ಲಿದ್ಯೋ ಅಲ್ಲಿ ಹೋಗಿ ಬಾರಿಸ್ಲಿ" ಎಂದಳು ಗಿರಿಜಾ, ಕಣ್ಣ ಮೇಲಿನ ಒದ್ದೆ ಬಟ್ಟೆಯನ್ನು ತೆಗೆಯದೆಯೇ.

ನಾನು ಹೋದೆ. ಬಾಗಿಲ ಮುಂದೆ ನಿಂತಾಗ ನನಗೆ ಮೊದಲು ಕಂಡದ್ದು ಚಪ್ಪಲಿ. ಒಂದೇ ಜೊತೆ, ಹೆಂಗಸರದು. ಒಳಗೆ ಒಂದು ಇಡೀ ತಂಡ ನುಡಿಸುತ್ತಿದೆ, ಹೊರಗೆ ಒಂದೇ ಜೊತೆ ಚಪ್ಪಲಿ. ಎಷ್ಟೋ ವರ್ಷ ಶಾಲೆಯ ಬಾಗಿಲಲ್ಲಿ ಚಪ್ಪಲಿ ನೋಡಿಯೇ ಹಾಜರಿ ಊಹಿಸಿದವನು ನಾನು. ಲೆಕ್ಕ ತಪ್ಪಿದೆ ಎನಿಸಿತು. ಬಾಗಿಲು ತಟ್ಟಿದೆ. ಬ್ಯಾಂಡು ಒಮ್ಮೆಲೇ ನಿಂತಿತು. ಕಾರ್ಖಾನೆಯ ನೀಲಿ ಸಮವಸ್ತ್ರದಲ್ಲಿದ್ದ ಹೆಂಗಸೊಬ್ಬಳು ಬಾಗಿಲು ತೆರೆದಳು. ಮೂವತ್ತೈದರ ಆಸುಪಾಸು, ತಲೆಗೂದಲನ್ನು ಬಿಗಿಯಾಗಿ ಕಟ್ಟಿದ್ದಳು. ಅವಳ ಹಿಂದೆ ಒಂದು ಮೇಜು, ಮೇಜಿನ ಮೇಲೆ ಲ್ಯಾಪ್‌ಟಾಪು, ಪಕ್ಕದಲ್ಲಿ ಹಳೆಯದೊಂದು ಕೀಬೋರ್ಡು, ಎರಡು ಸ್ಪೀಕರು. ಬೇರೆ ಯಾರೂ ಇಲ್ಲ.

"ಬ್ಯಾಂಡಿನವರು ಎಲ್ಲಿ?" ಎಂದು ಕೇಳಿದೆ.

"ಇಲ್ಲೇ ಇದ್ದಾರೆ ಸಾರ್" ಎಂದು ಅವಳು ಲ್ಯಾಪ್‌ಟಾಪನ್ನು ತೋರಿಸಿದಳು. ಬಳಿಕ ನನ್ನ ಮುಖ ನೋಡಿ, "ಜೋರಾಯ್ತಾ? ಕ್ಷಮಿಸ್ಬುಡಿ ಸಾರ್. ಮಧ್ಯಾಹ್ನದ ಶಿಫ್ಟಿಗೆ ಹೋಗೋ ಮುಂಚೆ ಸ್ವಲ್ಪ ಟೈಮ್ ಸಿಗುತ್ತೆ, ಅಷ್ಟೇ" ಎಂದಳು.

ಒಳಗಿನಿಂದ ಅವಳ ತಾಯಿ ಸೂಸಮ್ಮ ಸೆರಗಿಗೆ ಕೈ ಒರೆಸಿಕೊಳ್ಳುತ್ತ ಬಂದರು. "ಬನ್ನಿ ಮೇಷ್ಟ್ರೆ, ಕೂತ್ಕೊಳ್ಳಿ. ನೀವಾದ್ರೂ ಬೈದು ಹೋಗಿ. ಇಡೀ ಓಣಿ ಬೈದ್ರೂ ಇವಳು ನಿಲ್ಲಿಸಲ್ಲ. ಯಾರಿಗಾಗಿ ಮಾಡ್ತಾ ಇದ್ದಾಳೋ ಆ ಮನುಷ್ಯ ನೋಡಿ, ಅಲ್ಲಿ ಬೆನ್ನು ಹಾಕ್ಕೊಂಡು ಕೂತವ್ರೆ."

ಅವರು ತೋರಿಸಿದ ಕಡೆ ನೋಡಿದೆ. ಹಿತ್ತಲಲ್ಲಿ ನುಗ್ಗೆಮರದ ಕೆಳಗೆ ಕುರ್ಚಿ ಹಾಕಿಕೊಂಡು, ಮನೆಗೆ ಬೆನ್ನು ಮಾಡಿ, ಬಿಳಿ ತಲೆಯ ಮುದುಕರೊಬ್ಬರು ಕುಳಿತಿದ್ದರು. ಅವರೇ ಸವರಿಮುತ್ತು, ಹೆಲನಳ ತಂದೆ. ಬ್ಯಾಂಡು ನಿಂತದ್ದು, ನಾನು ಬಂದದ್ದು ಯಾವುದೂ ತಮಗೆ ಸಂಬಂಧಿಸಿದ್ದಲ್ಲ ಎನ್ನುವಂತೆ ಗೋಡೆಯ ಮೇಲಿನ ಅಳಿಲನ್ನು ನೋಡುತ್ತಿದ್ದರು.

"ಅಪ್ಪ ಮತ್ತೆ ಕ್ಲಾರಿನೆಟ್ ಹಿಡೀಬೇಕು ಸಾರ್. ನನಗೆ ಬೇರೆ ಏನೂ ಬೇಡ" ಎಂದಳು ಹೆಲನ್, ತಂದೆಗೆ ಕೇಳಿಸದಂತೆ ದನಿ ತಗ್ಗಿಸಿ.

ಸೂಸಮ್ಮನವರ ಕಾಫಿ ಕುಡಿದು ಮನೆಗೆ ಬಂದೆ. ಗಿರಿಜಾ ಕೇಳಿದಳು: "ಹೇಳಿದ್ರಾ?" ಹೇಳಲಿಲ್ಲ ಎಂದೆ. ಇಷ್ಟು ವರ್ಷದ ಸಂಸಾರದಲ್ಲಿ ಅವಳಿಗೆ ಅದೇನೂ ಹೊಸದಲ್ಲ.

ಅಂದಿನಿಂದ ನಮ್ಮ ಎರಡು ಮನೆಗಳ ನಡುವೆ ಹೋಗಿಬರುವುದು ಬೆಳೆಯಿತು. ಸವರಿಮುತ್ತುವಿನ ಕಥೆಯನ್ನು ನಾನು ತುಂಡುತುಂಡಾಗಿ ಕೇಳಿದೆ, ಹೆಚ್ಚಿನದನ್ನು ಸೂಸಮ್ಮನವರಿಂದ. ಹಗಲು ಮುದ್ರಣಾಲಯವೊಂದರಲ್ಲಿ ಪುಸ್ತಕಕ್ಕೆ ರಟ್ಟು ಕಟ್ಟುವ ಕೆಲಸ, ಲಗ್ನದ ದಿನಗಳಲ್ಲಿ ಬ್ಯಾಂಡ್‌ಸೆಟ್ಟು. ಕೆಂಪು ಕೋಟು, ಭುಜದ ಮೇಲೆ ಜರಿಯ ಪಟ್ಟಿ. ಮದುವೆಗೂ ಅವರೇ, ಗಣಪತಿ ಬಿಡುವುದಕ್ಕೂ ಅವರೇ, ಚರ್ಚಿನ ಹಬ್ಬಕ್ಕೂ ಅವರೇ. ಸವರಿಮುತ್ತು ಕ್ಲಾರಿನೆಟ್ಟು ಹಿಡಿದು ಮುಂದೆ ನಡೆದರೆ ಉಳಿದವರು ಹಿಂದೆ. ಬ್ಯಾಂಡಿನವರಿಗೆ ಅವರು 'ಮಾಸ್ಟ್ರು'.

ಆಮೇಲೆ ಡಿಜೆ ಬಂದಿತು. ಲಾರಿಯ ತುಂಬ ಪೇರಿಸಿದ ಸ್ಪೀಕರು, ಎದೆ ಅದುರಿಸುವ ಸದ್ದು. ತಂಡದಲ್ಲಿ ಕೆಲವರಿಗೆ ವಯಸ್ಸಾಯಿತು, ಕೆಲವರು ತೀರಿಕೊಂಡರು. ಕೊನೆಯದಾಗಿ ಒಂದು ಛತ್ರದಲ್ಲಿ ಇವರನ್ನೂ ಕರೆಸಿ, ಡಿಜೆಯವರನ್ನೂ ಕರೆಸಿದ್ದರು. ಇವರು ಕೋಟು ತೊಟ್ಟು ಬಾಗಿಲಲ್ಲಿ ನಿಂತದ್ದೇ ಬಂತು. ಊದಲು ಎಡೆಯೇ ಸಿಗಲಿಲ್ಲ. ಊಟ ಮಾಡಿ ಬಂದರು. ಮನೆಗೆ ಬಂದವರೇ ಸವರಿಮುತ್ತು ಕ್ಲಾರಿನೆಟ್ಟನ್ನು ಪೆಟ್ಟಿಗೆಯಲ್ಲಿಟ್ಟು ಬೀರುವಿನ ಮೇಲಕ್ಕೆ ಸರಿಸಿದರು. "ಒಬ್ಬನೇ ಊದಿದ್ರೆ ಅದು ಬ್ಯಾಂಡಲ್ಲ, ಐಸ್‌ಕ್ಯಾಂಡಿಯವನ ಹಾರ್ನು" ಎಂದರಂತೆ. ಅಷ್ಟೇ. ಆಮೇಲೆ ಆ ಮಾತೇ ಎತ್ತಲಿಲ್ಲ.

ಹೆಲನ್ ಸವರಿಮುತ್ತುವಿನ ಒಬ್ಬಳೇ ಮಗಳು. ಮದುವೆಯ ಯೋಚನೆಯನ್ನು ತಾನಾಗಿ ಬದಿಗಿಟ್ಟವಳು. ಅದರ ಬಗ್ಗೆ ಸೂಸಮ್ಮ ಮಾತೆತ್ತಿದಾಗಲೆಲ್ಲ ಅವಳಿಗೆ ಶಿಫ್ಟಿನ ಬಸ್ಸು ನೆನಪಾಗುತ್ತಿತ್ತು. ಹೆಬ್ಬಾಳದ ಕಾರ್ಖಾನೆಯೊಂದರ ತಪಾಸಣೆ ವಿಭಾಗದಲ್ಲಿ ಕೆಲಸ. ಬಾಲ್ಯದಲ್ಲಿ ತಂದೆಯಿಂದ ಸ್ವರಲಿಪಿ ಓದಲು ಕಲಿತಿದ್ದಳು, ಚರ್ಚಿನ ಗಾಯನತಂಡದಲ್ಲಿ ಕೀಬೋರ್ಡು ನುಡಿಸುತ್ತಿದ್ದಳು. ಕಾರ್ಖಾನೆಯಲ್ಲಿ ಜೊತೆಗೆ ಕೆಲಸ ಮಾಡುವ ಅಮರ್ ಎಂಬುವನು ಒಂದು ದಿನ ಊಟದ ಬಿಡುವಿನಲ್ಲಿ ಅವಳಿಗೆ ಅರೇಂಜರ್ ಸಾಫ್ಟ್‌ವೇರ್ ಎಂಬುದನ್ನು ತೋರಿಸಿದನಂತೆ.

ಅದೇನೆಂದು ನನಗೂ ಅವಳೇ ತಿಳಿಸಿಕೊಟ್ಟಳು. ಹಾಡಿನ ನಡೆ ಎಂಥದ್ದು ಎಂದು ನಾವು ಮೊದಲು ಆರಿಸಿಕೊಳ್ಳಬೇಕು. ಎಡಗೈಯಲ್ಲಿ ಕೀಬೋರ್ಡಿನ ಮೇಲೆ ಒಂದು ಸ್ವರಗುಚ್ಛ ಒತ್ತಿದರೆ ಸಾಕು, ಕಂಪ್ಯೂಟರು ಆ ಸ್ವರಕ್ಕೆ ಹೊಂದುವಂತೆ ಡ್ರಮ್ಮು, ತಂತಿ, ಕಹಳೆ ಎಲ್ಲವನ್ನೂ ತಾನೇ ನುಡಿಸುತ್ತ ಹೋಗುತ್ತದೆ. ಸ್ವರಗುಚ್ಛ ಬದಲಿಸಿದರೆ ಅದೂ ಬದಲಿಸುತ್ತದೆ. ಬೇಕಾದ ಸ್ವರಗಳನ್ನೆಲ್ಲ ಮೊದಲೇ ಬರೆದಿಟ್ಟರೆ, ಕೈ ಹಾಕದೆಯೇ ಮೊದಲಿನಿಂದ ಕೊನೆಯವರೆಗೆ ನುಡಿಸುತ್ತದೆ. ಮೇಳ ಅದರದು, ಹಾಡುವವರೋ ಊದುವವರೋ ಮುಂದೆ ನಿಂತರಾಯಿತು. ನಮ್ಮ ಭಾಷೆಯಲ್ಲಿ ಇದಕ್ಕೆ ಹಿಮ್ಮೇಳ ಎಂಬ ಒಳ್ಳೆಯ ಮಾತಿದೆಯಲ್ಲ ಎಂದೆ. ಅವಳಿಗೆ ಆ ಮಾತು ಹಿಡಿಸಿತು. ಆಮೇಲೆ ಹಿಮ್ಮೇಳವೆಂದೇ ಹೇಳತೊಡಗಿದಳು.

ಆ ವರ್ಷದ ಕ್ರಿಸ್ಮಸ್‌ಗೆ ನಮ್ಮಿಬ್ಬರನ್ನೂ ಕರೆದಿದ್ದರು. ಕೇಕು ತಿಂದು, ಗಿರಿಜಾ ಹಾಗೂ ಸೂಸಮ್ಮ ಮಾತಿಗೆ ಕುಳಿತಿದ್ದರು. ಹೆಲನ್ ಬೀರುವಿನ ಮೇಲಿಂದ ಪೆಟ್ಟಿಗೆ ಇಳಿಸಿ, ಧೂಳು ಒರೆಸಿ, ತಂದೆಯ ಮುಂದೆ ಇಟ್ಟಳು. ಚರ್ಚಿನ ಮೆರವಣಿಗೆಯಲ್ಲಿ ಅವರು ಸದಾ ಊದುತ್ತಿದ್ದ ದೇವಮಾತೆಯ ಹಾಡಿಗೆ ಪೂರ್ತಿ ಹಿಮ್ಮೇಳ ಕಟ್ಟಿದ್ದಳು, ಎಷ್ಟೋ ವಾರಗಳ ಶ್ರಮ.

"ಹಬ್ಬದ ದಿನ ಬ್ಯಾಡ ಅನ್ಬ್ಯಾಡಿ" ಎಂದರು ಸೂಸಮ್ಮ.

ನಾವು ಇದ್ದೆವೆಂಬ ಸಂಕೋಚಕ್ಕೋ ಏನೋ, ಸವರಿಮುತ್ತು ಕ್ಲಾರಿನೆಟ್ಟು ಜೋಡಿಸಿ ಎದ್ದು ನಿಂತರು. ಲ್ಯಾಪ್‌ಟಾಪಿನಿಂದ ಡ್ರಮ್ಮು ಆರಂಭವಾಯಿತು, ಕಹಳೆಗಳು ಸೇರಿದವು. ಅವರು ಊದಿದರು. ಎಷ್ಟೋ ಕಾಲ ಮುಟ್ಟದಿದ್ದ ವಾದ್ಯ, ಮೊದಲು ಸ್ವಲ್ಪ ಕೀರಲು ಬಂದಿತು, ಬಳಿಕ ದನಿ ತೆರೆಯಿತು. ಪಲ್ಲವಿಯ ಕೊನೆಗೆ ಅವರು ಒಂದು ಸ್ವರವನ್ನು ಹಿಡಿದು ನಿಂತರು, ಬಲಗೈ ಮೊಣಕೈಯನ್ನು ಮೆಲ್ಲಗೆ ಎತ್ತಿದರು. ಕಂಪ್ಯೂಟರು ಅದನ್ನೇನು ಬಲ್ಲದು. ಅದು ಚರಣಕ್ಕೆ ಹೊರಟುಹೋಯಿತು. ಅವರ ಸ್ವರ ಒಂದು ಕಡೆ, ಮೇಳ ಒಂದು ಕಡೆ. ಹಿಂದೆ ಓಡಿ ಹಿಡಿಯಲು ಅವರು ಯತ್ನಿಸಲೂ ಇಲ್ಲ. ಕ್ಲಾರಿನೆಟ್ಟನ್ನು ಬಾಯಿಂದ ಇಳಿಸಿದರು. ಡ್ರಮ್ಮು ತನ್ನ ಪಾಡಿಗೆ ತಾನು ಬಾರಿಸುತ್ತಲೇ ಇತ್ತು. ಹೆಲನ್ ಎದ್ದು ನಿಲ್ಲಿಸಿದಳು.

"ನಿನ್ನ ಡ್ರಮ್ಮಿಗೆ ಕಣ್ಣಿಲ್ಲಮ್ಮ" ಎಂದರು ಸವರಿಮುತ್ತು. ಕೋಪವಿರಲಿಲ್ಲ. ಪೆಟ್ಟಿಗೆ ಮುಚ್ಚಿ, ಹಿತ್ತಲಿಗೆ ಹೋಗಿ ತಮ್ಮ ಕುರ್ಚಿಯಲ್ಲಿ ಕುಳಿತರು.

ಹೆಲನ್ ಪರದೆಯನ್ನೇ ನೋಡುತ್ತ ಕುಳಿತಿದ್ದಳು. "ನಾನು ಹಾಡುಗಾರರಿಗೆ ಕಟ್ಟೋ ಹಾಗೆ ಕಟ್ಬುಟ್ಟೆ" ಎಂದಳು ಕೊನೆಗೆ. "ಅವರಾದ್ರೆ ಮೈಕಿನ ಮುಂದೆ ಒಂದೇ ಕಡೆ ನಿಂತಿರ್ತಾರೆ. ಅಪ್ಪ ನಡೀತಾ ಊದೋರು. ಮಾತೆ ಯಾರ ಮನೆ ಮುಂದೆ ಎಷ್ಟು ಹೊತ್ತು ನಿಲ್ತಾಳೆ ಅಂತ ಮೊದಲೇ ಬರೆದಿಡಕ್ಕೆ ಆಗುತ್ತಾ?"

ಅವಳು ಹೇಳಿದ್ದರ ಅರ್ಥ ನನಗೆ ನಿಧಾನವಾಗಿ ಆಯಿತು. ಅವರ ಚರ್ಚಿನ ಹಬ್ಬದಲ್ಲಿ ದೇವಮಾತೆಯ ಪ್ರತಿಮೆಯನ್ನು ಅಲಂಕರಿಸಿದ ವಾಹನದಲ್ಲಿಟ್ಟು ಬೀದಿಗಳಲ್ಲಿ ಕರೆದೊಯ್ಯುತ್ತಾರೆ. ದಾರಿಯ ಮನೆಯವರು ಹಾರ ಹಾಕುತ್ತಾರೆ, ಮೇಣದಬತ್ತಿ ಹಚ್ಚುತ್ತಾರೆ. ಹಾರ ಹಾಕಿ ಮುಗಿಯುವವರೆಗೂ ಬ್ಯಾಂಡು ಅದೇ ಸಾಲನ್ನು ತಿರುಗಿಸುತ್ತ ಕಾಯಬೇಕು. ಹಾಡು ತುಂಡಾಗಕೂಡದು, ಮುಂದಕ್ಕೂ ಹೋಗಕೂಡದು. ಎಷ್ಟು ಕಾಯಬೇಕೆಂದು ಹೇಳುವುದು ಮಾಸ್ಟ್ರ ಮೊಣಕೈ. ಅದು ಮೇಲೆದ್ದರೆ ಇನ್ನೊಂದು ಸುತ್ತು. ಇಳಿದರೆ ಡ್ರಮ್ಮಿನವನು ಉರುಳು ಪೆಟ್ಟು ಕೊಟ್ಟು ಮುಂದಕ್ಕೆ ಒಯ್ಯಬೇಕು.

"ಹೋಗಿ ಸಿದ್ದೂನ ಕೇಳು" ಎಂದರು ಸೂಸಮ್ಮ. "ಜೀವಮಾನವೆಲ್ಲ ನಿಮ್ಮಪ್ಪನ ಮೊಣಕೈ ನೋಡ್ಕೊಂಡೇ ಬಾರಿಸ್ದೋನು. ಅವನ ಹೆಂಡ್ತಿ ಮೊಖಾನೂ ಅಷ್ಟು ನೋಡಿರಕ್ಕಿಲ್ಲ."

ಸಿದ್ದು ಆ ಬ್ಯಾಂಡಿನ ಡ್ರಮ್ಮಿನವರು. ಬ್ಯಾಂಡು ಮುರಿದ ಮೇಲೆ ಕಡಕೊಳದ ಕೈಗಾರಿಕಾ ಪ್ರದೇಶದ ಗೋದಾಮೊಂದರಲ್ಲಿ ಕಾವಲಿನ ಕೆಲಸಕ್ಕೆ ಸೇರಿ, ಅಲ್ಲೇ ಮನೆ ಮಾಡಿದ್ದರು. ಹೆಲನ್ ತನ್ನ ವಾರದ ರಜೆಯ ದಿನ ಹೊರಟಳು, ನನ್ನನ್ನೂ ಕರೆದಳು. "ನೀವು ಬನ್ನಿ ಮೇಷ್ಟ್ರೆ. ದೊಡ್ಡೋರು ಜೊತೇಲಿದ್ರೆ ಅವರು ಬೈಯಲ್ಲ."

ನಂಜನಗೂಡಿನ ಬಸ್ಸಿನಲ್ಲಿ ಹೋದೆವು. ಸಿದ್ದು ನಮ್ಮಿಬ್ಬರನ್ನೂ ಬೈದರು.

"ಇದ್ಯಾವ್ದೋ ಕಂಪ್ಯೂಟ್ರು ಡ್ರಮ್ಮಾ? ನನ್ನ ಏಟ್ನ ಕದ್ಕೊಂಡು ಹೋಗಕ್ಕೆ ಬಂದ್ಯಾ ಮಗಾ? ಬ್ಯಾಂಡ್ನ ಅದೇ ತಾನೆ ತಿಂದಾಕಿದ್ದು. ಏನ್ ಮೇಷ್ಟ್ರೆ, ಓದ್ದೋರಾಗಿ ನೀವೂ ಇದ್ಕೆ ಸೇರ್ಕೊಂಡಿದ್ದೀರಲ್ಲ."

ಹೆಲನ್ ಫೋನಿನಲ್ಲಿ ತನ್ನ ಹಿಮ್ಮೇಳವನ್ನು ಕೇಳಿಸಿದಳು. ಸಿದ್ದು ತಲೆ ಓರೆ ಮಾಡಿ ಒಂದು ಚರಣದಷ್ಟು ಕೇಳಿದರು.

"ಇದೇನು ಪೋಲೀಸು ಪೆರೇಡಾ?" ಎಂದರು.

"ಮಾರ್ಚ್ ಅಂತ ಅದರಲ್ಲಿ ಇದ್ದಿದ್ದೇ ಇದು ಮಾಮ."

"ಅಮ್ಮಾವ್ರು ಪೋಲೀಸಲ್ಲ ಕಣಮ್ಮ. ಅವ್ರ ಮುಂದೆ ಕ್ಯಾಂಡ್ಲು ಹಿಡ್ಕೊಂಡು ಹೋಗೋ ಮುದುಕೀರು ಪೋಲೀಸಲ್ಲ. ಅವ್ರ ಕಾಲು ಎಂಗೆ ಬೀಳ್ತದೋ ಅಂಗೆ ಬೀಳ್ಬೇಕು ಏಟು." ಇಷ್ಟು ಹೇಳಿ ಅವರು ಗೋಡೆಗೆ ಒರಗಿಸಿದ್ದ ಸ್ಟೀಲಿನ ತಟ್ಟೆಯನ್ನು ಮಗುಚಿ, ಎರಡು ಚಮಚ ತೆಗೆದುಕೊಂಡು ಬಾರಿಸತೊಡಗಿದರು. ಒಂದು ಏಟು ಭಾರ, ಮುಂದಿನದು ಹಗುರ, ಹಗುರವಾದದ್ದು ಕೂದಲೆಳೆಯಷ್ಟು ತಡ. ಕೇಳುತ್ತ ಕುಳಿತಿದ್ದ ನನಗೂ ಎದ್ದು ನಿಧಾನವಾಗಿ ನಡೆಯಬೇಕು ಎನಿಸಿತು. ಅವರ ಪತ್ನಿ ಪದ್ಮಾವತಿ ಅಡುಗೆಮನೆಯಿಂದ ಇಣುಕಿದರು. "ಆ ತಟ್ಟೆ ಸೊಟ್ಟಗಾಯ್ತದೆ" ಎಂದರು. ಸಿದ್ದು ಕೇಳಿಸಿಕೊಳ್ಳಲಿಲ್ಲ. ಅಟ್ಟದ ಮೇಲಿಂದ ಡ್ರಮ್ಮನ್ನೇ ಇಳಿಸಿದರು. ಸಾಯಂಕಾಲ ನಾವು ಹೊರಡುವಾಗ ಹೆಲನಳ ಬಳಿ ಅವರ ಏಟುಗಳೆಲ್ಲ ಧ್ವನಿಮುದ್ರಣವಾಗಿದ್ದವು: ನಡಿಗೆಯ ಏಟು, ಕಾಯುವ ಏಟು, ಉರುಳು ಪೆಟ್ಟು, ಮುಗಿಸುವ ಏಟು.

"ಮಾಸ್ಟ್ರು ಊದ್ತಾರಾ?" ಎಂದು ಬಾಗಿಲಲ್ಲಿ ಕೇಳಿದರು ಸಿದ್ದು.

"ಗೊತ್ತಿಲ್ಲ ಮಾಮ."

ಆಮೇಲಿನ ತಿಂಗಳುಗಳಲ್ಲಿ ಅವಳು ಮಾಡಿದ ಕೆಲಸವನ್ನು ನೆನೆದರೆ ನನಗೆ ಇಂದಿಗೂ ಅಭಿಮಾನ ಉಕ್ಕುತ್ತದೆ. ಮೊದಲಿನಿಂದ ಕೊನೆಯವರೆಗೆ ಬರೆದಿಟ್ಟಿದ್ದ ಹಿಮ್ಮೇಳವನ್ನು ಅಳಿಸಿಬಿಟ್ಟಳು. ಸಿದ್ದುವಿನ ಏಟುಗಳನ್ನೇ ಆಧಾರವಾಗಿಟ್ಟುಕೊಂಡು, ಆ ಸಾಫ್ಟ್‌ವೇರಿನಲ್ಲಿ ಇಲ್ಲದ ಒಂದು ಹೊಸ ನಡೆಯನ್ನು ತಾನೇ ಕಟ್ಟಿದಳು. ಹಾಡನ್ನು ಸಣ್ಣ ಸಣ್ಣ ತುಂಡುಗಳಾಗಿ ಮಾಡಿದಳು. ಪ್ರತಿಯೊಂದು ತುಂಡೂ ಅವಳು ಬಿಡು ಎನ್ನುವವರೆಗೆ ತನ್ನಷ್ಟಕ್ಕೆ ಸುತ್ತುತ್ತಿರುತ್ತದೆ. ಎಡಗೈಯಲ್ಲಿ ಸ್ವರಗುಚ್ಛ, ಬಲಗೈಯ ಬೆರಳುಗಳ ಕೆಳಗೆ 'ಇನ್ನೊಂದು ಸುತ್ತು', 'ಉರುಳು', 'ಮುಗಿಸು' ಎಂಬ ಗುಂಡಿಗಳು. ಕೈಗಳಿಗೆ ಕೆಲಸವಿದೆ, ಕಣ್ಣು ಬಿಡುವಾಗಿದೆ. "ಕಂಪ್ಯೂಟರಿಗೆ ಕಣ್ಣು ಕೊಡಕ್ಕಾಗಲ್ಲ ಮೇಷ್ಟ್ರೆ. ನನ್ನ ಕಣ್ಣು ಇದೆಯಲ್ಲ" ಎಂದಳು.

ಇಷ್ಟೂ ಕಾಲ ಹಿತ್ತಲಲ್ಲಿ ಬೆನ್ನು ತಿರುಗಿಸಿ ಕುಳಿತಿದ್ದ ಸವರಿಮುತ್ತುವಿನ ಕುರ್ಚಿಯ ಕಥೆಯನ್ನೂ ಹೇಳಬೇಕು. ಕಡಕೊಳದಿಂದ ಬಂದ ಏಟು ಮೊದಲ ದಿನ ಸ್ಪೀಕರಿನಲ್ಲಿ ಕೇಳಿಸಿದಾಗ ಅವರು ತಿರುಗಿ ನೋಡಿದರಂತೆ. "ಸಿದ್ದು ಬಂದವ್ನಾ?" ಎಂದು ಕೇಳಿದರಂತೆ. ಇಲ್ಲ ಎಂದಾಗ ಮತ್ತೆ ಅಳಿಲನ್ನು ನೋಡಲು ತೊಡಗಿದರು. ಮುಂದಿನ ವಾರ ನಾನು ಹೋದಾಗ ಕುರ್ಚಿ ಹಿತ್ತಲ ಬಾಗಿಲಿಗೆ ಬಂದಿತ್ತು. "ಬಿಸಿಲು ಕಣ್ರೀ ಅಲ್ಲಿ" ಎಂದರು. ಅವತ್ತು ಮೋಡವಿತ್ತು. ಇನ್ನಷ್ಟು ದಿನಕ್ಕೆ ಕುರ್ಚಿ ಹೊಸ್ತಿಲು ದಾಟಿತು. ಆಮೇಲೆ ಮೇಜಿನ ಪಕ್ಕಕ್ಕೆ. ಅಲ್ಲಿಂದ ಬೈಗುಳ ಶುರುವಾಯಿತು. ಕಹಳೆ ಹೆಚ್ಚಾಯಿತು, ತಾಳ ಚುಚ್ಚುತ್ತದೆ, ಇದೇನು ಮಿಠಾಯಿ ಡಬ್ಬ ಅಲುಗಿಸಿದ ಹಾಗಿದೆ.

"ಅಷ್ಟು ಗೊತ್ತಿದ್ರೆ ಊದಿ ತೋರಿಸಿ" ಎಂದರು ಸೂಸಮ್ಮ ಒಂದು ದಿನ, ಹುರುಳಿಕಾಯಿ ಸೋಸುತ್ತ.

"ರೀಡು ಒಣಗೋಗಿದೆ."

"ಕೋರಿಕೆ ಎಷ್ಟು ಸುತ್ತಿ ಬಳಸಿ ಹೇಳ್ತಾರೆ ನೋಡಿ ಮೇಷ್ಟ್ರೆ. ಹೆಲನ್, ನಿಮ್ಮಪ್ಪನಿಗೆ ಹೊಸ ರೀಡು ತಗೊಂಬಾ."

ತಂದಳು. ಅವರು ಆ ತೆಳು ಪಟ್ಟಿಯನ್ನು ನಾಲಗೆಯಲ್ಲಿ ನೆನೆಸಿ, ಕ್ಲಾರಿನೆಟ್ಟಿನ ಬಾಯಿಗೆ ಜೋಡಿಸಿ, ಕುಳಿತಲ್ಲಿಂದಲೇ ಮನೆಯೊಳಗೆ ಊದಿದರು. ಮೊಣಕೈ ಎದ್ದಿತು, ಮೇಳ ಕಾಯಿತು. ಮೊಣಕೈ ಇಳಿಯಿತು, ಉರುಳು ಪೆಟ್ಟು ಬಂದಿತು. ಅವರು ಮತ್ತೊಮ್ಮೆ ಊದಿದರು. ಬೇಕೆಂದೇ ಅವಳನ್ನು ಸಿಕ್ಕಿಸಲು ಎಲ್ಲೆಲ್ಲೋ ನಿಂತರು, ಎಲ್ಲೆಲ್ಲೋ ಹೊರಟರು. ಹೆಲನ್ ರೆಪ್ಪೆ ಬಡಿಯದೆ ಅವರ ತೋಳನ್ನೇ ನೋಡುತ್ತ ಹಿಂಬಾಲಿಸಿದಳು.

ಆದರೆ ಮನೆಯೊಳಗೆ ಊದುವುದು ಬೇರೆ, ಬೀದಿಯಲ್ಲಿ ಊದುವುದು ಬೇರೆ. ಅದನ್ನು ಸವರಿಮುತ್ತುವೇ ಹೇಳಿದರು. "ಹಬ್ಬದ ದಿನ ಮಾತೆ ಮುಂದೆ ಊದ್ತೀನಿ. ಅಲ್ಲಿ ಇದು ಕೈಕೊಟ್ರೆ, ಮುಗೀತು. ಆಮೇಲೆ ನನ್ನ ಕೇಳಬ್ಯಾಡ." ಹೆಲನ್ ಚರ್ಚಿನ ಗುರುಗಳನ್ನು ಕಂಡು ಕೇಳಿದಳು. ಯುವಕರ ಸಂಘದವರು ಆಗಲೇ ದೊಡ್ಡ ಸ್ಪೀಕರಿನ ವಾಹನ ಗೊತ್ತುಮಾಡಿದ್ದರು. ಗುರುಗಳು ಯೋಚಿಸಿ, ಹೊರಡುವಾಗಿನ ಎರಡು ಬೀದಿಗಳನ್ನು ಸವರಿಮುತ್ತುವಿಗೆ ಬಿಟ್ಟುಕೊಟ್ಟರು. "ಬ್ಯಾಂಡು ಚೆನ್ನಾಗಿ ನಡೆದ್ರೆ ನೋಡೋಣ" ಎಂದರು.

ಸೆಪ್ಟೆಂಬರಿನ ಆ ಸಾಯಂಕಾಲ ನಾನೂ ಗಿರಿಜಾಂಬಾಳೂ ಚರ್ಚಿನ ಬಾಗಿಲಿನ ಬಳಿ ನಿಂತಿದ್ದೆವು. ಒಂದು ಲಗೇಜು ಆಟೋದ ಹಿಂಭಾಗದಲ್ಲಿ ಹೆಲನ್ ತನ್ನ ಲ್ಯಾಪ್‌ಟಾಪು, ಕೀಬೋರ್ಡು, ಬ್ಯಾಟರಿ, ಸ್ಪೀಕರುಗಳ ನಡುವೆ ಹಿಂದಕ್ಕೆ ಮುಖ ಮಾಡಿ ಕುಳಿತಿದ್ದಳು. ಆಟೋ ಮುಂದೆ ಹೋಗಬೇಕು, ಅದರ ಹಿಂದೆ ಅವಳಿಗೆ ಎದುರಾಗಿ ಸವರಿಮುತ್ತು ನಡೆಯಬೇಕು, ಅವರ ಹಿಂದೆ ಮಾತೆಯ ವಾಹನ. ಹಾಗಾದರೆ ಮೊಣಕೈ ಅವಳ ಕಣ್ಣೆದುರೇ ಇರುತ್ತದೆ ಎಂಬ ಲೆಕ್ಕ. ಸವರಿಮುತ್ತು ಕೆಂಪು ಕೋಟು ಹಾಕಿದ್ದರು. ಸ್ವಲ್ಪ ಸಡಿಲವಾಗಿತ್ತು.

ಮೊದಲ ಬೀದಿಯಲ್ಲಿ ಎಲ್ಲವೂ ಸರಿಯಾಗಿ ನಡೆಯಿತು. ಸಿದ್ದುವಿನ ಏಟಿಗೆ ಮುದುಕಿಯರ ಕಾಲು ಹೇಗೆ ತಾನಾಗಿ ಹೊಂದಿಕೊಂಡಿತೆಂದರೆ, ಗಿರಿಜಾಂಬಾಳೂ ಅವರ ಜೊತೆ ಹೆಜ್ಜೆ ಹಾಕಿದಳು. ಜನರು ಮನೆಗಳಿಂದ ಹೊರಬಂದರು. "ಸವರಿಮುತ್ತಣ್ಣ ಊದ್ತಾವ್ರೆ" ಎಂಬ ಮಾತು ಬೀದಿಯುದ್ದಕ್ಕೂ ಹರಡಿತು. ಅಲ್ಲೇ ತೊಂದರೆ ಹುಟ್ಟಿತು. ಎಲ್ಲರಿಗೂ ಅವರ ವಿಡಿಯೋ ಬೇಕು. ಎರಡನೆಯ ಬೀದಿಯ ತಿರುವಿನಲ್ಲಿ ಹುಡುಗ ಹುಡುಗಿಯರು ಫೋನುಗಳನ್ನು ಎತ್ತಿ ಹಿಡಿದು ಅವರ ಸುತ್ತ ಮುತ್ತಿಕೊಂಡರು. ಆಟೋಗೂ ಅವರಿಗೂ ನಡುವೆ ಫೋನುಗಳದೇ ಒಂದು ಗೋಡೆ ಎದ್ದಿತು.

ಆಗಲೇ ಮೂಲೆಯ ಮನೆಯವರು ಹಾರ ತಂದರು. ಮಾತೆಯ ವಾಹನ ನಿಂತಿತು. ಸವರಿಮುತ್ತು ಸ್ವರ ಹಿಡಿದು ನಿಂತರು. ನಾನು ಬದಿಯಲ್ಲಿ ನಿಂತಿದ್ದರಿಂದ ಅವರ ಮೊಣಕೈ ಮೇಲಿರುವುದು ನನಗೆ ಕಾಣುತ್ತಿತ್ತು. ಹೆಲನಳಿಗೆ ಕಾಣುತ್ತಿರಲಿಲ್ಲ. ಅವಳು ಆಟೋದಲ್ಲಿ ಎದ್ದು ನಿಂತಳು, ಕತ್ತು ಚಾಚಿದಳು. ಕೈ ಗುಂಡಿಯ ಮೇಲೆಯೇ ಇತ್ತು. ಊಹಿಸಿ ಒತ್ತಿದರೆ ಕ್ರಿಸ್ಮಸ್‌ನಂದು ಆದದ್ದೇ ಆಗುತ್ತದೆ, ಈ ಸಲ ಊರ ಮುಂದೆ. ಸುಮ್ಮನಿದ್ದರೆ ಮಾತೆ ಹೊರಟ ಮೇಲೂ ಮೇಳ ಅಲ್ಲೇ ಸುತ್ತುತ್ತಿರುತ್ತದೆ. ಕ್ಲಾರಿನೆಟ್ಟಿನ ಉಸಿರು ತೆಳುವಾಗುತ್ತಿದ್ದುದು ನನಗೂ ಕೇಳಿಸಿತು.

ಆಗ ಆ ಫೋನುಗಳ ಮೇಲೆ ಒಂದು ನೀಲಿ ಟೋಪಿ ಎದ್ದಿತು. ಕಾವಲುಗಾರರ ಟೋಪಿ. ಸಿದ್ದು ಕೆಲಸದಿಂದ ನೇರವಾಗಿ, ಸಮವಸ್ತ್ರದಲ್ಲೇ ಬಂದವರು, ಗುಂಪನ್ನು ಸೀಳಿಕೊಂಡು ಮಾಸ್ಟ್ರ ಪಕ್ಕಕ್ಕೆ ಹೋಗಿ ನಿಂತಿದ್ದರು. ಯಾರೂ ಅವರಿಗೆ ಏನೂ ಹೇಳಿರಲಿಲ್ಲ. ತಲೆಯಿಂದ ಟೋಪಿ ತೆಗೆದು ಕೈಯೆತ್ತಿ ಹಿಡಿದಿದ್ದರು. ಕಣ್ಣು ಮಾತ್ರ ಮಾಸ್ಟ್ರ ಮೊಣಕೈಯ ಮೇಲೆ. ಟೋಪಿ ಮೇಲೆಯೇ ಇರುವವರೆಗೆ ಹೆಲನ್ ಮೇಳವನ್ನು ಕಾಯಿಸಿದಳು. ಟೋಪಿ ಇಳಿಯಿತು. ಉರುಳು ಪೆಟ್ಟು ಬಿದ್ದಿತು. ಚರಣ ಹೊರಟಿತು, ಮಾತೆ ಹೊರಟಳು, ಮೇಣದಬತ್ತಿಗಳು ಹೊರಟವು.

ಬೀದಿ ಮುಗಿಯುವವರೆಗೂ ಹೀಗೆಯೇ ನಡೆಯಿತು. ಮೊಣಕೈಯನ್ನು ಸಿದ್ದು ನೋಡುವುದು, ಟೋಪಿಯನ್ನು ಹೆಲನ್ ನೋಡುವುದು. ಎರಡನೆಯ ಬೀದಿ ಮುಗಿದಾಗ ಯುವಕರ ಸಂಘದವರು ಸ್ಪೀಕರಿನ ವಾಹನವನ್ನು ಚಾಲೂ ಮಾಡಲು ಹೋದರು. ಗುರುಗಳು ಕೈಸನ್ನೆ ಮಾಡಿ ತಡೆದರು. ಉಳಿದ ದಾರಿಯನ್ನೂ ಸವರಿಮುತ್ತುವೇ ಊದಿದರು.

ಚರ್ಚಿನ ಅಂಗಳಕ್ಕೆ ಮರಳಿದ ಮೇಲೆ ಅವರು ಬೆವರು ಒರೆಸಿಕೊಂಡು ಸಿದ್ದುವಿನ ಕಡೆ ನೋಡಿದರು. "ಟೋಪಿ ಇಳಿಸೋದು ಸ್ವಲ್ಪ ತಡ ಆಯ್ತು ಕಣೋ" ಎಂದರು.

"ನಿಮ್ ಮೊಣಕೈ ಮೊದ್ಲಿನಷ್ಟು ಎತ್ತರಕ್ಕೆ ಎಲ್ಲಿ ಹೋಯ್ತದೆ ಮಾಸ್ಟ್ರೆ? ಇಳಿದೈತೋ ಎದ್ದೈತೋ ಗೊತ್ತಾಗದೇ ಇಲ್ಲ" ಎಂದರು ಸಿದ್ದು.

ಮಗಳ ಕಡೆ ತಿರುಗಿ ಸವರಿಮುತ್ತು ಏನಾದರೂ ಹೇಳುವರೇನೋ ಎಂದು ನಾವೆಲ್ಲ ಕಾಯುತ್ತಿದ್ದೆವು. ಅವರು ಕ್ಲಾರಿನೆಟ್ಟಿನ ಪೆಟ್ಟಿಗೆಯನ್ನು ಅವಳ ಕೈಗೆ ಕೊಟ್ಟು, "ಇದನ್ನು ಬೀರುವಿನ ಮೇಲೆ ಇಡಬ್ಯಾಡ. ಕೈಗೆ ಸಿಗೋ ಕಡೆ ಇಡು" ಎಂದರು. ಸೂಸಮ್ಮ ಮುಖ ತಿರುಗಿಸಿಕೊಂಡರು. ಗಿರಿಜಾಂಬಾ ಸೂಸಮ್ಮನವರ ಹೆಗಲ ಮೇಲೆ ಕೈಯಿಟ್ಟಳು.

ಇದೆಲ್ಲ ನಡೆದು ಕೆಲವು ವರ್ಷಗಳಾದವು. ಆ ಸಾಯಂಕಾಲದ ವಿಡಿಯೋಗಳು ಎಲ್ಲೆಲ್ಲಿಗೋ ಹೋದವಂತೆ. ಹೆಲನಳನ್ನು ಹುಡುಕಿಕೊಂಡು ಒಬ್ಬೊಬ್ಬರೇ ಬರತೊಡಗಿದರು. ಅಗ್ರಹಾರದ ಕೊಳಲಿನ ಶಿವರುದ್ರಪ್ಪನವರು ಬಂದರು. ಮನೆಯಲ್ಲಿ ಅಭ್ಯಾಸಕ್ಕೆ ಜೊತೆಗಾರರಿಲ್ಲದೆ ಸೊರಗಿದ್ದವರು. ನಮ್ಮ ಬಡಾವಣೆಯ ಹಿರಿಯರ ಗಾಯನಕೂಟದವರು ಬಂದರು. ಫೋನಿನಲ್ಲಿ ಸಿಗುವ ಹಿಮ್ಮೇಳವೆಲ್ಲ ಹರೆಯದವರ ಶ್ರುತಿಯಲ್ಲಿದ್ದು, ಏರಲಾರದೆ ಕೆಮ್ಮುತ್ತಿದ್ದವರು. ಅವರವರ ಕಂಠಕ್ಕೆ ಶ್ರುತಿಯನ್ನು ಇಳಿಸಿ, ನಡೆಯನ್ನು ನಿಧಾನ ಮಾಡಿ, ಹೆಲನ್ ಕಟ್ಟಿಕೊಟ್ಟಳು. ಅವಳ ಪದ್ಧತಿ ಒಂದೇ. ಮೊದಲ ಸಲ ಹೋದಾಗ ಲ್ಯಾಪ್‌ಟಾಪು ತೆರೆಯುವುದಿಲ್ಲ. ಅವರು ಹಾಡುವುದನ್ನು, ನುಡಿಸುವುದನ್ನು ನೋಡುತ್ತ ಕೂರುತ್ತಾಳೆ. ಎಲ್ಲಿ ಉಸಿರು ತೆಗೆದುಕೊಳ್ಳುತ್ತಾರೆ, ಎಲ್ಲಿ ಕಣ್ಣು ಮುಚ್ಚುತ್ತಾರೆ, ಯಾವ ಬೆರಳು ಅಲುಗುತ್ತದೆ. ಡ್ರಮ್ಮು ಬೇಕಾದವರನ್ನು ಮೊದಲು ಕಡಕೊಳಕ್ಕೆ ಕಳಿಸುತ್ತಾಳೆ. ಸಿದ್ದುವಿಗೆ ಬರಲಾಗುವುದಿಲ್ಲ ಎಂದಾದರೆ ಮಾತ್ರ ಕಂಪ್ಯೂಟರಿನ ಮಾತು.

ಸವರಿಮುತ್ತು ಈಗ ಪ್ರತಿ ಹಬ್ಬಕ್ಕೂ ಊದುತ್ತಾರೆ. ಬೇಡಿಕೆಗಳೂ ಬೆಳೆದಿವೆ. ಮೊನ್ನೆ ನಾನು ಹೋದಾಗ ಮನೆಯಲ್ಲಿ ದೊಡ್ಡ ಚರ್ಚೆ ನಡೆದಿತ್ತು. ಅವರ ತಂಡದಲ್ಲಿ ದಪ್ಪ ಕಹಳೆ ಊದುತ್ತಿದ್ದ ಚಿನ್ನಪ್ಪ ಎಂಬುವರು ಬಹಳ ಹಿಂದೆಯೇ ತೀರಿಕೊಂಡವರು. ಹೆಲನಳ ಹಿಮ್ಮೇಳದಲ್ಲಿ ಆ ಕಹಳೆ ಸರಿಯಾದ ಜಾಗಕ್ಕೆ ಸರಿಯಾಗಿ ಬರುತ್ತದೆಂಬುದು ಸವರಿಮುತ್ತುವಿನ ದೂರು.

"ಚಿನ್ನಪ್ಪ ಯಾವತ್ತೂ ಸರಿಯಾಗಿ ಬಂದೋನಲ್ಲ" ಎಂದರು ಸವರಿಮುತ್ತು. "ಒಂಚೂರು ತಡ. ಯಾವಾಗ್ಲೂ. ಎಷ್ಟು ಬೈದಿದ್ದೀನಿ ಅವನ್ನ. ಆದ್ರೆ ಆ ತಡದಲ್ಲೇ ನಾನು ಉಸಿರು ತಗೊಳ್ತಿದ್ದೆ. ಈಗ ನೋಡಿ, ಉಸಿರಿಗೇ ಜಾಗ ಇಲ್ಲ."

"ಎಲ್ಲಾರ್ಗೂ ಸರಿಯಾಗಿ ನುಡಿಸೋ ಯಂತ್ರ ಬೇಕು, ಇವರಿಗೆ ತಪ್ಪು ನುಡಿಸೋದು ಬೇಕಂತೆ" ಎಂದರು ಸೂಸಮ್ಮ.

ಹೆಲನಳಿಗೆ ಈ ವಾರ ಮಧ್ಯಾಹ್ನದ ಶಿಫ್ಟು. ಬೆಳಗ್ಗೆ ತಿಂಡಿಯಾದ ಮೇಲೆ ಲ್ಯಾಪ್‌ಟಾಪಿನ ಮುಂದೆ ಕುಳಿತು ಚಿನ್ನಪ್ಪನ ಕಹಳೆಯನ್ನು ಕೂದಲೆಳೆಯಷ್ಟು ಹಿಂದಕ್ಕೆ ಸರಿಸುತ್ತಾಳೆ, ಕೇಳಿಸುತ್ತಾಳೆ. ಪಕ್ಕದ ಕುರ್ಚಿಯಲ್ಲಿ ಕ್ಲಾರಿನೆಟ್ಟು ತೊಡೆಯ ಮೇಲಿಟ್ಟುಕೊಂಡು ಕುಳಿತ ತಂದೆ, "ಇನ್ನೂ ಸ್ವಲ್ಪ" ಎನ್ನುತ್ತಾರೆ. ಅವಳು ಇನ್ನೂ ಸ್ವಲ್ಪ ಸರಿಸುತ್ತಾಳೆ.